ನೀರು ಬಂತು, ಏಳ್ರಿ, ಓಡ್ರಿ!

ಇಚಲಕರಂಜಿಯಲ್ಲಿ ಮೋಟಾರು ವೈಂಡಿಂಗ್ ಅಂಗಡಿ ಇಟ್ಟುಕೊಂಡು ಯಾರ ತಂಟೆಗೂ ಹೋಗದೆ ಬದುಕಿದ್ದ ಸಮ್ಮೇದ ಒಂದು ಭಾನುವಾರ ಕೊಲ್ಹಾಪುರಕ್ಕೆ ಹೋಗಿ ಪ್ರೇರಣೆ ಪಡೆದು ಬಂದ. ಅವನು ಅಂದು ಮನೆಯಲ್ಲೇ ಮಲಗಿದ್ದರೆ ಕುರುಂದವಾಡದ ಅರ್ಧ ಊರು ಹಾಸಿಗೆ, ಪಾತ್ರೆ, ಎಮ್ಮೆ ಸಮೇತ ಅವನ ಓಣಿಗೆ ಬಂದು ನಿಲ್ಲುತ್ತಿರಲಿಲ್ಲ.

ಪ್ರೇರಣೆ ಕೊಟ್ಟವರು ಆಶಿಷ ಸರ್. ನೀಲಿ ಸೂಟು, ಕೆನ್ನೆಗೆ ಅಂಟಿದ ಮೈಕು. ಒಂದು ಮದುವೆ ಹಾಲ್‌ನಲ್ಲಿ ಬೆಳಿಗ್ಗೆಯಿಂದ ಸಂಜೆಯೊಳಗೆ ಅವರು ಹಾರ್ಡ್‌ವೇರ್ ಸ್ಟಾರ್ಟಪ್ ಕಟ್ಟುವುದನ್ನೂ ಅದನ್ನು ಆನ್‌ಲೈನಿನಲ್ಲಿ ಮಾರುವುದನ್ನೂ ಕಲಿಸುತ್ತಿದ್ದರು. ಇವೆರಡಕ್ಕೂ ಬೇಕಾದ ಎದೆಗಾರಿಕೆಯನ್ನು ಊಟಕ್ಕೆ ಮುಂಚೆಯೇ ಬೆಳೆಸಿಬಿಡುತ್ತಿದ್ದರು. ಗಡಿ ಕಡೆಯ ಮಂದಿ ಹೆಚ್ಚಿದ್ದುದರಿಂದ ಅರ್ಧ ಮರಾಠಿ, ಅರ್ಧ ಕನ್ನಡದಲ್ಲಿ ಗರ್ಜಿಸಿದರು.

"ಏನ್ ಮಾರ್ತೀರಿ ಅಂತ ಮೊದಲ ಹೇಳಬ್ಯಾಡ್ರಿ! ಮಂದಿಗೆ ಭೀತಿ ವಾಟಲೀ ಪಾಹಿಜೇ, ಅಂಜಿಕಿ ಬರಬೇಕು! ಎದಿ ಧಡ್ ಧಡ್ ಅನ್ನಬೇಕು. ಏನದು, ಏನದು ಅಂತ ಹುಡುಕ್ಯಾಡಬೇಕು. ಆಮ್ಯಾಲ ಮಾಲು ತೋರಸ್ರಿ! ಮತ್ತ ಸಣ್ಣದು ವಿಚಾರ ಮಾಡಬ್ಯಾಡ್ರಿ, ದೊಡ್ಡದು ಮಾಡ್ರಿ!"

ಈ ಮಾತುಗಳು ಸಮ್ಮೇದನ ಹೃದಯಕ್ಕೆ ನಾಟಿದವು. ಮರುದಿನವೇ ಅವನು 'ಸಮ್ಮೇದ ಮೋಟಾರ್ ವೈಂಡಿಂಗ್' ಎಂಬ ಬೋರ್ಡು ಇಳಿಸಿ 'ಸಮ್ಮೇದ ಹಾರ್ಡ್‌ವೇರ್ ಸ್ಟಾರ್ಟಪ್' ಎಂದು ಹೊಸದನ್ನು ಏರಿಸಿದ. ಮೊದಲ ಗಿರಾಕಿ ಬಂದು ಬಾಗಿಲಿನ ಕೀಲು ಕೇಳಿದ. ಎರಡನೆಯವನು ಕಿಟಕಿಯ ಚಿಲಕ ಕೇಳಿದ. ಇಬ್ಬರಿಗೂ ಸಮ್ಮೇದ ಸ್ಟಾರ್ಟಪ್ ಎಂದರೇನೆಂದು ತಿಳಿಸಿ ಹೇಳಿದ. ಇಬ್ಬರೂ ಎದುರಿನ ಅಂಗಡಿಗೆ ಹೋದರು.

ಆದರೆ ಅವನ ಹತ್ತಿರ ಮಾಲು ಇದ್ದದ್ದು ನಿಜ. ಆ ಓಣಿಯಲ್ಲಿ ನಳದ ನೀರು ಯಾವಾಗ ಬರುವುದೆಂದು ಯಾರಿಗೂ ಗೊತ್ತಿರಲಿಲ್ಲ. ಬಂದರೆ ಬಂತು. ಅವನ ಹೆಂಡತಿ ರುಪಾಲಿ ಎಷ್ಟೋ ದಿನ ಕೊಡ ಹಿಡಿದು ನಳದ ಮುಂದೆ ಕಾವಲು ಕೂತಿದ್ದಳು. ಅದನ್ನು ನೋಡಲಾರದೆ ಸಮ್ಮೇದ ಒಂದು ಯಂತ್ರ ಮಾಡಿದ. ನಳದ ಬಾಯಿಗೆ ಎರಡು ತಂತಿ, ಪಕ್ಕಕ್ಕೆ ಸಾಬೂನಿನ ಡಬ್ಬಿಯಷ್ಟು ಸ್ಪೀಕರು. ನೀರು ತಾಗಿದೊಡನೆ ಅದು ಪೀಂ ಎನ್ನುತ್ತಿತ್ತು. ಆದರೆ ಸುತ್ತಲೂ ಮಗ್ಗಗಳು ಖಟಾಖಟ್ ಎಂದು ಬಡಿಯುವ ಊರಿನಲ್ಲಿ ಪೀಂ ಎಂಬುದನ್ನು ಕೇಳುವವರು ಯಾರು? ಮಗ್ಗವನ್ನು ಮೀರಿಸುವ ದನಿ ಬೇಕಾಗಿತ್ತು.

ಅಂಥ ದನಿ ಅವನಿಗೆ ಗೊತ್ತಿದ್ದಂತೆ ಜಗತ್ತಿನಲ್ಲಿ ಒಂದೇ ಇತ್ತು. ಕುರುಂದವಾಡದ ಅವನ ಅತ್ತೆ ಬಾಳಕ್ಕನದು. ಮಗಳನ್ನು ನೋಡಲು ಬಂದಿದ್ದ ಬಾಳಕ್ಕನ ಮುಂದೆ ಸಮ್ಮೇದ ಮೊಬೈಲು ಹಿಡಿದು, "ಅತ್ತೀ, ನೀರು ಬಂತು, ಏಳ್ರಿ, ಓಡ್ರಿ ಅನ್ರಿ," ಎಂದ. ಬಾಳಕ್ಕ ಬಸದಿಯಲ್ಲಿ ನಿಂತವಳ ಹಾಗೆ ಮೆಲ್ಲಗೆ ಅಂದಳು.

"ಹಂಗಲ್ರಿ. ನಿಮ್ಮ ಕಬ್ಬಿನ್ಯಾಗ ಮಂದೀ ಎಮ್ಮಿ ಹೊಕ್ಕಾವಂತ ತಿಳೀರಿ."

ಬಾಳಕ್ಕ ಸೆರಗು ಸಿಕ್ಕಿಸಿದಳು. "ನೀರು ಬಂತೂ! ಏಳ್ರೀ, ಓಡ್ರೀ! ಪಾಣೀ ಆಲಂ! ಉಠಾ, ಪಳಾ!"

ಪಕ್ಕದ ಮನೆಯ ಅಭಯಕುಮಾರ ನಾಲ್ಕು ಮಗ್ಗ ನಿಲ್ಲಿಸಿ ಹೊರಗೆ ಓಡಿಬಂದ. ಪರೀಕ್ಷೆ ಯಶಸ್ವಿಯಾಯಿತು.

ಅದಾಗಿ ಕೆಲವು ದಿನ ಕಳೆದವು. ಬಾಳಕ್ಕ ಊರಿಗೆ ಹೋದಳು. ಮಳೆ ಹಿಡಿಯಿತು. ಒಂದು ಮಧ್ಯಾಹ್ನ ಸಮ್ಮೇದ ತನ್ನ ಜಾಹೀರಾತನ್ನು ಲೋಕಕ್ಕೆ ಬಿಟ್ಟ. ಆಶಿಷ ಸರ್ ಹೇಳಿದಂತೆ ಅದರಲ್ಲಿ ಮಾಲು ಇರಲಿಲ್ಲ. ಕಪ್ಪು ಪರದೆ, ಒಂದು ಸಿಡಿಲು, ಬಾಳಕ್ಕನ ಕೂಗು, ಕೊನೆಗೆ ಕೆಂಪು ಅಕ್ಷರ: 'ಇಂದು ಸಂಜೆ. ತಯಾರಾಗಿರಿ.' ಸಂಜೆ ಅವನೇ ಮೊಬೈಲಿನಲ್ಲಿ ನೇರವಾಗಿ ಕಾಣಿಸಿಕೊಂಡು ಯಂತ್ರ ತೋರಿಸುವವನಿದ್ದ. ಜಾಹೀರಾತು ಯಾವ ಯಾವ ಊರಿಗೆ ಮುಟ್ಟಬೇಕು ಎಂದು ಮೊಬೈಲಿನ ನಕ್ಷೆ ಕೇಳಿತು. ಮೊದಲು ಇಚಲಕರಂಜಿಯ ಸುತ್ತ ಒಂದು ಸಣ್ಣ ವೃತ್ತ ಎಳೆದ. ಆಮೇಲೆ ಸಣ್ಣ ವಿಚಾರ ಮಾಡಿದ್ದಕ್ಕೆ ನಾಚಿಕೊಂಡು, ವೃತ್ತವನ್ನು ಆ ಕಡೆ ಕೊಲ್ಹಾಪುರ, ಈ ಕಡೆ ಕುರುಂದವಾಡ, ಕೆಳಗೆ ಗಡಹಿಂಗ್ಲಜದವರೆಗೆ ಹಿಗ್ಗಿಸಿದ.

ಕುರುಂದವಾಡದಲ್ಲಿ ಆ ಹೊತ್ತಿಗೆ ಕೃಷ್ಣೆಯೂ ಪಂಚಗಂಗೆಯೂ ಏರುತ್ತಿದ್ದವು, ಮಂದಿ ಊಟಕ್ಕೆ ಕೂತರೂ ಒಂದು ಕಣ್ಣು ನದಿಯ ಮೇಲೆ ಇಟ್ಟಿದ್ದರು ಎಂಬುದು ಅವನ ನೆನಪಿಗೆ ಬರಲಿಲ್ಲ. ಪ್ರೇರಣೆ ಬಲವಾಗಿದ್ದಾಗ ಹವಾಮಾನ ನೆನಪಿರುವುದಿಲ್ಲ.

ಸ್ವಲ್ಪ ಹೊತ್ತಿನಲ್ಲಿ ಅವನ ಮೊಬೈಲು ಜ್ವರ ಬಂದವರಂತೆ ನಡುಗತೊಡಗಿತು. ಓಣಿಯ ಹೆಂಗಸರು ಕೊಡ, ಬಕೆಟ್ಟು, ಪಾತೇಲಿ ತಂದು ನಳಗಳ ಮುಂದೆ ಸಾಲು ಹಚ್ಚಿದರು. ಅಭಯಕುಮಾರ ಬಂದು ಕೈ ಕುಲುಕಿದ. "ಸಂಜೀಕ ನಳ ಬರ್ತೈತಂತ ನಿನಗ ಆಫೀಸಿನ್ಯಾಗ ಯಾರು ಹೇಳಿದ್ರೊ? ಭಾಳ ಉಪಕಾರ ಮಾಡ್ದಿ ನೋಡು."

ಸಮ್ಮೇದ ಏನೂ ಬಿಟ್ಟುಕೊಡಲಿಲ್ಲ. ಗುಟ್ಟು ಕಾಯಬೇಕೆಂದು ಪಾಠವಾಗಿತ್ತಲ್ಲ, ಸುಮ್ಮನೆ ನಕ್ಕ. ಅಭಯಕುಮಾರ ಅದನ್ನು ಒಪ್ಪಿಗೆ ಎಂದು ತಿಳಿದು ಮುಂದಿನ ಓಣಿಗೂ ಸುದ್ದಿ ಮುಟ್ಟಿಸಿದ.

ಅಷ್ಟರಲ್ಲಿ ಗಡಹಿಂಗ್ಲಜಕ್ಕೆ ಕೊಟ್ಟ ಅಕ್ಕ ಮಂಗಲಳ ಫೋನು ಬಂತು.

"ತಮ್ಮಾ, ಬಂತಂತಲ್ಲೋ!"

"ಬಂತು ಅಕ್ಕಾ! ನೀನೂ ನೋಡಿದೆನ?"

"ನೋಡಿ ಕೈಕಾಲು ತಣ್ಣಗಾಗ್ಯಾವ. ಎಲ್ಲೀತನಕ ಬಂದೈತಿ?"

ಸಮ್ಮೇದ ನಕ್ಷೆಯನ್ನು ನೆನಪಿಸಿಕೊಂಡ. "ಜಯಸಿಂಗಪುರ ದಾಟೈತಿ. ಕೊಲ್ಹಾಪುರ ಪೂರಾ ಆಗೈತಿ."

"ಪೂರಾ?"

"ಪೂರಾ. ಸಂಜೀಮುಂದ ನಿಮ್ಮ ಗಡಹಿಂಗ್ಲಜನೂ ಬಿಡೂದಿಲ್ಲ."

"ಅಯ್ಯೋ ನಮ್ಮಪ್ಪಾ! ಮನ್ಯಾಗ ಎಲ್ಲಾರೂ ಪಾರಾಗೀರಿಲ್ಲೊ?"

"ಪಾರಾದ್ಹಂಗ ಅಕ್ಕಾ! ಇಷ್ಟು ವರ್ಷದ್ದೆಲ್ಲಾ ಕೊಚ್ಚಿಕೊಂಡು ಹೋತು ಅಂತ ತಿಳಿ!"

"ಕೊಚ್ಚಿಕೊಂಡು ಹೋತಾ!"

"ಇನ್ನ ಇದನ್ನ ಯಾರೂ ತಡಿಯಾಕ ಆಗೂದಿಲ್ಲ. ತಾನ ಹರಡಾಕತ್ತೈತಿ."

ಆ ಕಡೆ ಏನೋ ಧೊಪ್ ಎಂದು ಬಿದ್ದ ಸದ್ದಾಯಿತು, ಫೋನು ಕಟ್ಟಾಯಿತು. ಸಮ್ಮೇದ ಹೆಂಡತಿಯ ಕಡೆ ತಿರುಗಿ, "ಅಕ್ಕಗ ಆನಂದ ತಡಕೊಳ್ಳಾಕ ಆಗಲಿಲ್ಲ," ಎಂದ.

ರುಪಾಲಿ ಏನೋ ಹೇಳಬೇಕೆನ್ನುವಷ್ಟರಲ್ಲಿ ಬಾಗಿಲ ಮುಂದೆ ಒಂದು ಟೆಂಪೋ ನಿಂತಿತು. ಟೆಂಪೋದಲ್ಲಿ ಎಮ್ಮೆ ಇತ್ತು. ಎಮ್ಮೆಯ ಒಂದು ಕಡೆ ಬಾಳಕ್ಕ, ಇನ್ನೊಂದು ಕಡೆ ಅವಳ ಗಂಡ ತಾತ್ಯಾಸಾಹೇಬರು, ನಡುವೆ ಟ್ರಂಕು, ಹಾಸಿಗೆ ಸುರುಳಿ, ಜೋಳದ ಚೀಲ. ಮೂವರೂ ತೊಯ್ದು ತಪ್ಪಡಿಯಾಗಿದ್ದರು.

"ಊರು ಬಿಟ್ಟು ಬಂದ್ವಿ ಜಾವಯಿ," ಎಂದರು ತಾತ್ಯಾಸಾಹೇಬರು ಅಳಿಯನಿಗೆ. "ಸರಕಾರದಾಕಿ ಯಾವಾಕಿನೋ ಮೊಬೈಲಿನ್ಯಾಗ ಒದರಿದ್ಲು. ಓಣಿಗೆ ಓಣೀನ ಎದ್ದೈತಿ."

"ಏನ್ ದನಿರೀ ಆ ಪುಣ್ಯಾತಗಿತ್ತೀದು!" ಬಾಳಕ್ಕ ಇನ್ನೂ ಏದುಸಿರು ಬಿಡುತ್ತಿದ್ದಳು. "ಹೊಟ್ಟ್ಯಾಗಿಂದ ಬಂದೈತಿ. ಅಕಿ ಒಂದ ಸಲ ಅಂದಕೂಡ್ಲೆ ನಾ ಎಮ್ಮಿ ಬಿಚ್ಚಿದ್ನಿ."

"ನಾ ಜನ್ಮೇಪೂರ್ತಿ ಕರದ್ರೂ ಎದ್ದಾಕೆಲ್ಲ ಈಕಿ," ಎಂದರು ತಾತ್ಯಾಸಾಹೇಬರು ಎಮ್ಮೆಗೆ.

ಬಾಳಕ್ಕ ತನ್ನ ಮೊಬೈಲು ತೆರೆದು ತೋರಿಸಿದಳು. ಕಪ್ಪು ಪರದೆ, ಸಿಡಿಲು, ಕೂಗು. ಆದರೆ ಕೈಯಿಂದ ಕೈಗೆ ಬರುವಷ್ಟರಲ್ಲಿ ಯಾರೋ ಪುಣ್ಯಾತ್ಮರು ಮೇಲೆ 'ಸರಕಾರದ ತುರ್ತು ಸೂಚನೆ' ಎಂದು ಸೇರಿಸಿದ್ದರು, ಇನ್ಯಾರೋ ಮುಳುಗಿದ ಮನೆಗಳ ಹಳೆಯ ಫೋಟೋ ಅಂಟಿಸಿದ್ದರು.

ರುಪಾಲಿ ಗಂಡನನ್ನು ನೋಡಿದಳು. ಆಮೇಲೆ ತಾಯಿಯನ್ನು ನೋಡಿದಳು. "ಅವ್ವಾ, ಇದು ನಿನ್ನ ದನಿ."

"ನನ್ನ ದನಿ ಇಷ್ಟ ಕರ್ಕಶ ಐತೇನ?" ಎಂದಳು ಬಾಳಕ್ಕ.

ಸಮ್ಮೇದ ಟೆಂಪೋ ಬಳಸಿ ಆಚೆ ಇಣುಕಿದ. ಟೆಂಪೋದ ಹಿಂದೆ ದೊಡ್ಡ ರಸ್ತೆಯಲ್ಲಿ ಅವನಿಗೆ ಟ್ರಾಕ್ಟರುಗಳು ಕಂಡವು. ಒಂದರ ಹಿಂದೆ ಒಂದು. ಟ್ರೇಲರುಗಳಲ್ಲಿ ಮುದುಕರು, ಕೂಸುಗಳು, ಆಡು, ಸಿಲಿಂಡರು, ಪ್ಲಾಸ್ಟಿಕ್ ಹೊದ್ದ ಟೀವಿ. ಇಚಲಕರಂಜಿಯಲ್ಲಿ ನೆಂಟರಿದ್ದವರೆಲ್ಲ ನೆಂಟರ ಮನೆ ಹುಡುಕುತ್ತಿದ್ದರು. ಹಿಟ್ಟಿನ ಕೈ ತೊಳೆಯದೆ ಹೊರಟ ಒಬ್ಬ ಹೆಂಗಸು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು.

ಸಮ್ಮೇದ ಜಾಹೀರಾತನ್ನು ಅಳಿಸಿದ. ಅದು ಅಳಿಸಿಹೋಯಿತು. ಮರುಕ್ಷಣ ಅಭಯಕುಮಾರ ಅದನ್ನೇ ಅವನಿಗೆ ಕಳಿಸಿದ. ಅದರ ಕೆಳಗೆ 'ಇದು ಖರೇ ಏನೊ?' ಎಂದು ಬರೆದಿದ್ದ. ಅವನು ಆಶಿಷ ಸರ್‌ಗೆ ಫೋನು ಹಚ್ಚಿದ.

"ಸರ್, ಕುರುಂದವಾಡ ಖಾಲಿ ಆಗಾಕತ್ತೈತಿ!"

"ಅಭಿನಂದನ!" ಸರ್ ಕೂಗಿದರು. "ಇದಕ್ಕ ರೀಚ್ ಅಂತಾರ! ನಿಮ್ಮ ಫೋಟೋ ಕಳಸ್ರಿ, ಮುಂದಿನ ಶಿಬಿರದ ಬ್ಯಾನರಿಗೆ ಹಾಕ್ತೇನಿ!"

"ಸರ್, ಪೊಲೀಸರು ಬರಬಹುದರಿ..."

"ಹಲೋ? ಹಲೋ? ಆವಾಜ್ ಯೇತ ನಾಹೀ, ಕೇಳವಲ್ದು," ಎಂದರು ಸರ್. ಆಮೇಲೆ ಅವರ ಫೋನು ಹತ್ತಲೇ ಇಲ್ಲ.

ಪೊಲೀಸ್ ಜೀಪು ಬಂದೇ ಬಂತು. ಅದರಿಂದ ಇಳಿದವರು ನಾಯಬ ತಹಸೀಲದಾರ ಪ್ರಣಾಲಿ ಮೇಡಂ. ಗಡಿ ಹತ್ತಿರದ ದಾನೋಳಿಯ ಕಡೆಯವರಾದ್ದರಿಂದ ಅವರಿಗೆ ಕನ್ನಡ ಬರುತ್ತಿತ್ತು, ಸಿಟ್ಟು ಬಂದರೆ ಮರಾಠಿ ಬರುತ್ತಿತ್ತು. ಮಂಡಿಯವರೆಗೆ ಕೆಸರಾಗಿತ್ತು. ಬೆಳಗಿನಿಂದ ನದಿದಂಡೆಯಲ್ಲಿ ನಿಂತು, ನೀರು ಅಪಾಯದ ಗುರುತಿಗೆ ಇನ್ನೂ ಬಂದಿಲ್ಲ, ಹೆದರಬೇಡಿ ಎಂದು ಮಂದಿಗೆ ಹೇಳುತ್ತಿದ್ದವರು ಅವರೇ. ಅವರು ನೋಡನೋಡುತ್ತಿದ್ದಂತೆ ಮಂದಿ ಮೊಬೈಲು ನೋಡಿ ಎದ್ದು ಓಡಿದ್ದರು. ಜಾಹೀರಾತು ಬಿಟ್ಟ ಅಂಗಡಿಯ ಹೆಸರು ಹುಡುಕಿಕೊಂಡು ಈಗ ಇಲ್ಲಿಗೆ ಬಂದಿದ್ದರು.

"ಕೋಣ್ ಆಹೇ ತೋ ಸಮ್ಮೇದ?"

ಸಮ್ಮೇದ ಎಮ್ಮೆಯ ಟೆಂಪೋದ ಹಿಂದಿನಿಂದ ಈಚೆ ಬಂದ. ಯಂತ್ರ, ನಳ, ಪೀಂ, ಮಗ್ಗ ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದ. ಮೇಡಂ ನಂಬಲಿಲ್ಲ.

"ಒಬ್ಬ ಮುದುಕಿ ದನಿಗೆ ಊರಿಗೆ ಊರು ಏಳ್ತೈತೇನ್ರಿ? ಇದು ಕಂಪ್ಯೂಟರಿನ ದನಿ ಇರಬೇಕು. ಯಾರ ಕೈಲೆ ಮಾಡಿಸೀರಿ, ಹೇಳ್ರಿ."

"ಕಂಪ್ಯೂಟರಿಂದು?" ಬಾಳಕ್ಕನಿಗೆ ಈಗ ಎರಡು ಗಾಯಗಳಾಗಿದ್ದವು. ಕರ್ಕಶ ಎಂಬುದು ಒಂದು, ಇದು ಇನ್ನೊಂದು. "ಅನ್ಲೇನ ಮೇಡಂ? ಇಲ್ಲೇ ಅನ್ಲೇನ?"

"ಬ್ಯಾಡ ಅತ್ತೀ!" ಎಂದ ಸಮ್ಮೇದ.

"ಅನ್ರಿ," ಎಂದರು ಮೇಡಂ.

ಬಾಳಕ್ಕ ಟೆಂಪೋದ ಮೇಲೆಯೇ ಎದ್ದು ನಿಂತು, ಸೆರಗು ಸಿಕ್ಕಿಸಿ, ತನ್ನ ಮಾನವನ್ನೆಲ್ಲ ಗಂಟಲಿಗೆ ತಂದು ಕೂಗಿದಳು.

ಮುಂದಿನದು ಕಣ್ಣು ಮುಚ್ಚಿ ತೆಗೆಯುವುದರೊಳಗೆ ಆಯಿತು. ಓಣಿಯ ಹೆಂಗಸರು ನಳ ಬಂತೆಂದು ಕೊಡ ಹಿಡಿದು ಈ ಕಡೆ ನುಗ್ಗಿದರು. ದೊಡ್ಡ ರಸ್ತೆಯಲ್ಲಿ ಟ್ರಾಕ್ಟರು ನಿಲ್ಲಿಸಿದ್ದ ಕುರುಂದವಾಡದವರು ನೀರು ಇಲ್ಲಿಗೂ ಬಂತೆಂದು ಹಾಸಿಗೆ ಹೊತ್ತು ಆ ಕಡೆ ನುಗ್ಗಿದರು. ಓಣಿ ಅಗಲವಿರಲಿಲ್ಲ. ಕೊಡಗಳು ಹಾಸಿಗೆಗಳಿಗೆ ಬಡಿದವು. ಆಡು ಬ್ಯಾ ಎಂದಿತು. ಎಮ್ಮೆ ಟೆಂಪೋದಿಂದ ಜಿಗಿದು ಸ್ಟಾರ್ಟಪ್ಪಿನೊಳಗೆ ಹೋಯಿತು. ಪೊಲೀಸರೊಬ್ಬರು ಹಾಸಿಗೆಯ ಕೆಳಗೆ ಸಿಕ್ಕಿ, ಶಿಟ್ಟಿ ಊದುತ್ತಲೇ ಇದ್ದರು. ಆ ಸದ್ದಿಗೆ ಮಂದಿ ಇನ್ನಷ್ಟು ಹೆದರಿದರು.

ಎಲ್ಲ ತಿಳಿಯಾಗುವ ಹೊತ್ತಿಗೆ ಸಮ್ಮೇದನ ಸುತ್ತ ಎರಡು ಊರು ನಿಂತಿದ್ದವು. ನೀರು ಬರಲಿಲ್ಲವೆಂದು ಒಂದೂರಿಗೆ ಸಿಟ್ಟು. ನೀರು ಬರಲಿಲ್ಲವೆಂದು ಇನ್ನೊಂದೂರಿಗೂ ಸಿಟ್ಟು.

ಮೇಡಂ ಅವನನ್ನು ಒಂದು ಟ್ರೇಲರಿನ ಮೇಲೆ ಹತ್ತಿಸಿದರು. "ಹೇಳ್ರಿ. ನೀವ ಹೇಳಬೇಕು."

ಸಮ್ಮೇದ ಆಶಿಷ ಸರ್ ಕಲಿಸಿದ ರೂಢಿಯ ಪ್ರಕಾರ ಮುಷ್ಟಿ ಎತ್ತಿ "ಮಿತ್ರಾಂನೋ!" ಎಂದ. ಒಂದು ಪ್ಲಾಸ್ಟಿಕ್ ಕೊಡ ಹಾರಿಬಂದು ಅವನ ಕಿವಿ ಸವರಿ ಹೋಯಿತು. ಅವನು ಮುಷ್ಟಿ ಇಳಿಸಿದ.

"ತಪ್ಪಾತ್ರಿ," ಎಂದ. "ನಳದ ನೀರಿನ ಮಶೀನ ಮಾಡಿದ್ನಿ. ಅದನ್ನ ಮಾರಬೇಕಂತ ನಿಮ್ಮನ್ನ ಹೆದರಿಸಿದ್ನಿ. ಹೊಳಿ ಬಂದಿಲ್ಲ. ನಳನೂ ಬಂದಿಲ್ಲ. ಒದರಿದಾಕಿ ನಮ್ಮ ಅತ್ತಿ. ಅಕೀದೇನೂ ತಪ್ಪಿಲ್ಲ."

ನಗುವವರು ನಕ್ಕರು, ಬೈಯುವವರು ಬೈದರು. ಅಷ್ಟರಲ್ಲಿ ಹಿಟ್ಟಿನ ಕೈಯ ಆ ಹೆಂಗಸು ಮುಂದೆ ಬಂದಳು. ಅವಳು ಬೈಯಲಿಲ್ಲ, ಕೇಳಿದಳು ಅಷ್ಟೆ. "ನಾಳಿ ಖರೇನ ನೀರು ಬಂದ್ರ, ಯಾರ ಮಾತು ನಂಬೂನೋ ತಮ್ಮಾ?"

ನಗು ನಿಂತಿತು. ಮಳೆ ಮತ್ತೆ ಹನಿಯತೊಡಗಿತು. ಸಮ್ಮೇದ ಮೇಡಂ ಮುಖ ನೋಡಿದ. ಅವರ ಮುಖದಲ್ಲಿ ಸಿಟ್ಟು ಹೋಗಿ ಅದಕ್ಕಿಂತ ಕೆಟ್ಟದ್ದು, ದಣಿವು, ಬಂದಿತ್ತು. "ನಾ ಮಧ್ಯಾಹ್ನದಿಂದ ಇದಕ್ಕ ಅಂಜಾಕತ್ತೇನಿ," ಎಂದರು ಅವರು ಮೆಲ್ಲಗೆ. "ಹೊಳಿ ಇನ್ನೂ ಏರಾಕತ್ತೈತಿ."

ಆಗ ಗಡಹಿಂಗ್ಲಜದ ಟೆಂಪೋ ಬಂತು. ಮಂಗಲ ತನ್ನ ಓಣಿಯನ್ನೆಲ್ಲ ಎಬ್ಬಿಸಿ ಜೋಳದ ಭಾಕರಿ, ಹಸಿಮೆಣಸಿನ ಖರಡಾ ಚಟ್ನಿ, ಹಳೆಯ ಕಂಬಳಿ ತುಂಬಿಸಿಕೊಂಡು, ದಾರಿಯುದ್ದಕ್ಕೂ ತಮ್ಮನಿಗಾಗಿ ಅತ್ತುಕೊಂಡು ಬಂದಿದ್ದಳು. ಟ್ರೇಲರಿನ ಮೇಲೆ ನಿಂತ ತಮ್ಮನನ್ನು ಕಂಡು ಹತ್ತಿರ ಬಂದು, ಅವನ ಪಾಯಿಜಾಮ ಮುಟ್ಟಿ ನೋಡಿದಳು.

"ಮಂಡೀತನಕಾನೂ ತೊಯ್ದಿಲ್ಲಲ್ಲೋ ನೀ! ನಿನ್ನ ಕೊಚ್ಚಿಕೊಂಡು ಹೋಗೈತಿ ಅಂತ ನಾ ಇಡೀ ಗಡಹಿಂಗ್ಲಜಕ್ಕ ಹೇಳಿ ಬಂದೇನಲ್ಲೋ!"

ಅವಳು ಅವನನ್ನು ಕೆಳಗಿಳಿಸಿ ಬೆನ್ನಿಗೆ ಒಂದು ಗುದ್ದು ಕೊಟ್ಟಳು. ಆಮೇಲೆ ಭಾಕರಿಯ ಗಂಟು ಬಿಚ್ಚಿದಳು. ಎರಡೂ ಊರಿನವರಿಗೆ ಹಸಿವಾಗಿತ್ತು. ಹಸಿದವರು ಉಣ್ಣುವಾಗ ಬೈಯುವುದು ಕಷ್ಟ, ಖರಡಾ ಚಟ್ನಿ ಇದ್ದರಂತೂ ಆಗುವುದೇ ಇಲ್ಲ.

ಮೇಡಂ ಯಂತ್ರವನ್ನು ಜಪ್ತಿ ಮಾಡಿದರು, ಸಮ್ಮೇದನನ್ನು ಮಾಡಲಿಲ್ಲ. ಅವನಿಗೆ ಕೊಟ್ಟ ಶಿಕ್ಷೆ ಬೇರೆ. ಮರುದಿನದಿಂದ ಅವನು ಕುರುಂದವಾಡದ ನದಿದಂಡೆಯ ಮನೆಮನೆಗೆ ಅವರ ಹಿಂದೆ ನಡೆದು, ಅಂದಿನದು ಸುಳ್ಳು, ಮೇಡಂ ಹೇಳಿದಾಗ ಮಾತ್ರ ಏಳಬೇಕು ಎಂದು ತನ್ನ ಬಾಯಿಂದಲೇ ಹೇಳಬೇಕು. ಸಮ್ಮೇದ ಮಳೆಯಲ್ಲಿ ನಡೆದ. ಮಂದಿ ಬಾಗಿಲು ತೆರೆದು, "ಬಾ, ಏನ್ ತಂದೀದಿ ಇವತ್ತ? ಭೂಕಂಪ?" ಎಂದರು. ಅವನು ಕೈಮುಗಿದು ಹೇಳಬೇಕಾದ್ದನ್ನು ಹೇಳಿ ಮುಂದಿನ ಮನೆಗೆ ಹೋದ.

ಒಂದು ಮಧ್ಯಾಹ್ನ ನದಿ ನಿಜವಾಗಿಯೂ ದಂಡೆ ಮುಟ್ಟಿತು. ಮೇಡಂ ಕೆಳಗಿನ ಓಣಿಯನ್ನು ಖಾಲಿ ಮಾಡಲು ಹೇಳಿದರು. ಒಬ್ಬರೂ ಕದಲಲಿಲ್ಲ. ಕಟ್ಟೆಯ ಮೇಲಿಂದ ಒಬ್ಬ ಮುದುಕ ಕೇಳಿದ, "ಇದು ಮೇಡಂದೋ, ಸಮ್ಮೇದಂದೋ?"

ಎಲ್ಲರೂ ಸಮ್ಮೇದನನ್ನೇ ನೋಡುತ್ತಿದ್ದರು. ಅವನು ಏನನ್ನೂ ಕೂಗಲಿಲ್ಲ. ಆ ಮುದುಕನ ಮನೆಯೊಳಗೆ ಹೋಗಿ, ಟ್ರಂಕು ತಲೆಯ ಮೇಲಿಟ್ಟುಕೊಂಡು ಹೊರಗೆ ಬಂದ. "ಮೇಡಂದರಿ, ಅಜ್ಜಾ. ನಡೀರಿ," ಎಂದ. ಅವನ ಮುಖ ನೋಡಿ ಮುದುಕ ಎದ್ದ. ಮುದುಕ ಎದ್ದದ್ದು ನೋಡಿ ಓಣಿ ಎದ್ದಿತು. ಸಂಜೆಗೆ ಕೆಳಗಿನ ಮನೆಗಳಲ್ಲಿ ಮಂಡಿಯುದ್ದ ನೀರು ನಿಂತಿತ್ತು, ಒಳಗೆ ಯಾರೂ ಇರಲಿಲ್ಲ. ಎರಡು ದಿನ ನಿಂತು ನದಿ ಇಳಿಯಿತು.

ಮಳೆಗಾಲ ಮುಗಿದ ಮೇಲೆ ಪ್ರಣಾಲಿ ಮೇಡಂ ಖುದ್ದಾಗಿ ಯಂತ್ರ ತಂದುಕೊಟ್ಟರು. ಷರತ್ತು ಒಂದೇ. "ಮಾರ್ರಿ. ಆದ್ರ ಇದು ಮನುಷ್ಯಾರ ಮಾತು ಆಡಬಾರದು."

ಯಂತ್ರಕ್ಕೆ ಇನ್ನು ಯಾವ ಸದ್ದು ಎಂದು ಅಂದು ಮನೆಯಲ್ಲಿ ದೊಡ್ಡ ಸಭೆ ನಡೆಯಿತು. ಗಂಟೆ ಬಾರಿಸೋಣವೆಂದರೆ ಬಸದಿ ಎಂದು ತಿಳಿದಾರು. ಶಿಟ್ಟಿ ಎಂದರೆ ಪೊಲೀಸರೆಂದು ಓಡಿಯಾರು. ನಾಯಿ ಬೊಗಳಿಸೋಣ ಎಂದ ಅಭಯಕುಮಾರ. ಓಣಿಯ ನಾಯಿಗಳು ಉತ್ತರ ಕೊಡುತ್ತವೆ ಎಂದಳು ರುಪಾಲಿ. ಬಾಳಕ್ಕ ಸಲಹೆ ಕೊಡಲಿಲ್ಲ, ಅವಳ ಗಾಯ ಇನ್ನೂ ಮಾಗಿರಲಿಲ್ಲ.

ಅಷ್ಟರಲ್ಲಿ ಹೊರಗೆ ಕಾಲು ತೊಳೆದ ತಾತ್ಯಾಸಾಹೇಬರು ಒಳಗೆ ಬರುವ ಮುನ್ನ ಎಲ್ಲ ಹಿರಿಯರಂತೆ ಬಾಗಿಲಲ್ಲಿ ನಿಂತು ಒಂದು ಸಲ ಕೆಮ್ಮಿದರು.

"ಹ್ಹೂಂ, ಹ್ಹೂಂ."

ಪಕ್ಕದ ಮಗ್ಗಗಳ ಖಟಾಖಟ್ ನಡುವೆಯೂ ರುಪಾಲಿ ತಟ್ಟನೆ ಎದ್ದು ಸೆರಗು ಸರಿಮಾಡಿಕೊಂಡಳು. ಅಭಯಕುಮಾರನ ಹೆಂಡತಿ ಎದ್ದಳು. ಗೋಡೆಗೆ ಒರಗಿ ತೂಕಡಿಸುತ್ತಿದ್ದ ಅಭಯಕುಮಾರನ ತಾಯಿಯೂ ಎದ್ದಳು. ಎದ್ದವರೆಲ್ಲ ಒಬ್ಬರ ಮುಖ ಒಬ್ಬರು ನೋಡಿದರು. ಸಮ್ಮೇದ ಮೊಬೈಲು ತೆಗೆದು ಮಾವನ ಬಾಯಿಗೆ ಹಿಡಿದ.

ಜಾಹೀರಾತು ಬೇಕಾಗಲಿಲ್ಲ. ಹೆಂಗಸರು ಹೆಂಗಸರಿಗೆ ಹೇಳಿದರು. ಈಗ ಇಚಲಕರಂಜಿಯ ಎಷ್ಟೋ ಓಣಿಗಳಲ್ಲಿ ನೀರು ಬಂದೊಡನೆ ನಳ ಗಂಭೀರವಾಗಿ ಕೆಮ್ಮುತ್ತದೆ. ಸೊಸೆಯಂದಿರು ಮೊದಲು ಸೆರಗು ಎಳೆದುಕೊಂಡು, ಆಮೇಲೆ ಕೊಡ ಎತ್ತಿಕೊಳ್ಳುತ್ತಾರೆ.

ಕಷ್ಟವಾದದ್ದು ತಾತ್ಯಾಸಾಹೇಬರಿಗೊಬ್ಬರಿಗೇ. ಹೋದ ತಿಂಗಳು ಮಗಳ ಮನೆಗೆ ಬರುವಾಗ ಓಣಿಯ ತಿರುವಿನಲ್ಲಿ ಧೂಳು ಮೂಗಿಗೆ ಹೋಗಿ ಅವರು ಎರಡು ಸಲ ಕೆಮ್ಮಿದರು. ಎರಡೂ ಕಡೆಯ ಬಾಗಿಲುಗಳು ತೆರೆದವು. ಕೊಡ ಹಿಡಿದ ಹೆಂಗಸರು ಹೊರಬಂದು, ನಳ ನೋಡಿ, ಇವರನ್ನು ನೋಡಿ, "ವಯಸ್ಸಾದವರು ಹಿಂಗ ಮೋಸ ಮಾಡಬಾರದ್ರಿ," ಎಂದು ಒಳಗೆ ಹೋದರು.